ಬೀರುವಿನೊಳಗಿನ ರೂಟರ್

ಇಂಟರ್ನೆಟ್ ರಿಪೇರಿಯ ತಿಪ್ಪೇಶ ನಿವೃತ್ತ ತಹಶೀಲ್ದಾರ್ ವಿರೂಪಾಕ್ಷಯ್ಯನವರ ಮನೆಗೆ ಬಂದದ್ದು ಇದು ಐದನೇ ಸಲ. ಸಾಹೇಬರ ಗೇಮ್ ಕನ್ಸೋಲ್‌ಗೆ ಮೂರು ದಿನದಿಂದ ಕ್ರಿಕೆಟ್ ಆಟ ಎರಡೇ ಪರ್ಸೆಂಟ್ ಇಳಿದಿತ್ತು (ಡೌನ್‌ಲೋಡ್ ಆಗಿತ್ತು). ಕಳ್ಳರ ಭಯಕ್ಕೆ ಅವರು ರೂಟರನ್ನು ಕಬ್ಬಿಣದ ಬೀರುವಿನಲ್ಲಿಟ್ಟು ಬೀಗ ಹಾಕಿದ್ದರು.

ಸಾಹೇಬರು ಗದರಿದರು: "ಬೀರು ಬಾಗಿಲು ತೆರೆದಿಡೋಕಾಗಲ್ಲ. ಸ್ಪೀಡ್ ಬರದಿದ್ರೆ ನಿನ್ನ ಕೆಲಸ ಹೋಯ್ತು ಅನ್ಕೋ. ನಿಮ್ಮ ಮ್ಯಾನೇಜರ್‌ಗೆ ದೂರು ಕೊಟ್ಟಿದ್ದೀನಿ, ಈಗ ನನಗೆ ಫೋನ್ ಮಾಡ್ತಾನೆ."

ತಿಪ್ಪೇಶ ಸೋತ ದನಿಯಲ್ಲಿ ಹೇಳಿದ: "ನಿಮ್ಮ ಅಷ್ಟು ಬೆಲೆಬಾಳೋ ಫೋನೂ ಬೀರು ಒಳಗೇ ಇರಲಿ ಸಾಹೇಬ್ರೆ. ಕಾಲ ಕೆಟ್ಟಿದೆ."

ಸಾಹೇಬರಿಗೆ ಮಾತು ಹಿಡಿಸಿತು. ಫೋನನ್ನು ಒಳಗಿಟ್ಟು ಬೀಗ ಹಾಕಿದರು.

ಗಂಟೆಯಾದರೂ ಫೋನ್ ಸದ್ದಿಲ್ಲ. ಸಿಡುಕುತ್ತಾ ಬೀರುವಿನ ಬಾಗಿಲು ತೆಗೆದರು. ಮ್ಯಾನೇಜರ್ ಆರು ಸಲ ಪ್ರಯತ್ನಿಸಿದ್ದನೆಂದು ಮೆಸೇಜುಗಳು ಒಟ್ಟಿಗೆ ಬಂದವು.

"ರೂಟರಿಗೂ ಇದೇ ಗತಿ ಸಾಹೇಬ್ರೆ," ಎಂದ ತಿಪ್ಪೇಶ. ಅಷ್ಟರಲ್ಲಿ ಟಿವಿಯಲ್ಲಿ ಆಟ ಸರಸರ ಇಳಿಯತೊಡಗಿತ್ತು.

ಸಾಹೇಬರು ಕುರ್ಚಿಯೊಂದನ್ನು ಬೀರುವಿನ ಮುಂದೆ ಎಳೆದರು. "ಸರಿ, ಬಾಗಿಲು ತೆಗೆದೇ ಇರಲಿ. ಪೂರ್ತಿ ಇಳಿಯೋ ತನಕ ಕಾವಲಿಗೆ ನೀನೇ ಕೂತ್ಕೋ."

ತಿಪ್ಪೇಶ ಟಿವಿ ನೋಡಿದ. ಆಟ ಇಳಿಯಲು ಇನ್ನೂ ಒಂಬತ್ತು ಗಂಟೆ ಬೇಕು ಎಂದು ತೋರಿಸುತ್ತಿತ್ತು.