ಆನೆ ಎದ್ದ ಹೊತ್ತು

ಕಾಡಿಗೆಲ್ಲ ನ್ಯಾಯ ಹೇಳಿ ಹೇಳಿ ಮುದಿ ಆನೆಗೆ ಸಾಕುಸಾಕಾಗಿತ್ತು. ಅಷ್ಟರಲ್ಲಿ ನವಿಲಿನ ಮೊಟ್ಟೆ ಕಳುವಾಯಿತು. ಕಾವಲುನಾಯಿ ವಾಸನೆ ಹಿಡಿದು ಹೊರಟಿತು.

ಉಡ ಓಡಿಬಂದು, "ಮಹಾಸ್ವಾಮಿ, ನಾಯಿ ನನ್ನ ಬಿಲದ ಕಡೆಗೇ ಮೂಸಿಕೊಂಡು ಬರುತ್ತಿದೆ. ತಡೆಯಬೇಕು" ಎಂದು ಗೋಳಾಡಿತು.

ಆನೆ ಎದ್ದುಹೋಗಿ ಬಿಲದ ಸುತ್ತಲೂ ನೋಡಿತು. ಅದರ ಭಾರದ ಹೆಜ್ಜೆಗೆ ನೆಲದ ಜಾಡೆಲ್ಲ ಅಳಿಸಿಹೋಯಿತು.

"ಇನ್ನೇನು ಮೂಸಲಿ ಸ್ವಾಮಿ? ಎಲ್ಲೆಲ್ಲೂ ತಮ್ಮದೇ ವಾಸನೆ" ಎಂದಿತು ನಾಯಿ.

ಆನೆಗೆ ನಾಚಿಕೆಯಾಯಿತು. ತನಿಖೆ ಮುಗಿಯುವ ತನಕ ಕೂತಲ್ಲಿಂದ ಏಳುವುದಿಲ್ಲವೆಂದು ಆಣೆ ಇಟ್ಟುಕೊಂಡಿತು.

ಮರುದಿನ ಮೊಲದ ಹೆಂಡತಿ ಬಂದಳು. "ನಮ್ಮ ಯಜಮಾನರ ಕುತ್ತಿಗೆಗೆ ನಾಯಿ ಬಾಯಿ ಹಾಕಿದೆ. ಕದ್ದೆನೆಂದು ಒಪ್ಪಿಕೋ ಅನ್ನುತ್ತಿದೆ. ಬನ್ನಿ ಸ್ವಾಮಿ!"

"ತನಿಖೆ ನಡೆಯುತ್ತಿದೆಯಮ್ಮ. ನಾನು ನಡುವೆ ಬರಬಾರದು" ಎಂದು ಆನೆ ಕಣ್ಣು ಮುಚ್ಚಿತು.

ಸಂಜೆ ನಾಯಿ ಬಂತು. ಮೂತಿ ಕೆಂಪಗಿತ್ತು. "ಮೊಲ ಒಪ್ಪಿಕೊಂಡಿತು ಸ್ವಾಮಿ. ಆಮೇಲೆ ಸತ್ತಿತು."

"ಹುಲ್ಲು ತಿನ್ನುವ ಮೊಲಕ್ಕೆ ಮೊಟ್ಟೆ ಯಾತಕ್ಕೆ?" ಎಂದು ಆನೆ ಕೇಳಿತು.

ನಾಯಿ ಮೂತಿ ನೆಕ್ಕಿಕೊಂಡಿತು. ಹಿಂದೆ ನಿಂತಿದ್ದ ಮೊಲದ ಹೆಂಡತಿಯೇ ಮಾತಾಡಿದಳು: "ನಾಯಿ ಮೂಸುವಾಗ ಎದ್ದು ಬಂದಿರಿ. ಕಚ್ಚುವಾಗ ಏಳಲಿಲ್ಲ."

ಆನೆ ಆಗ ಎದ್ದು ನಿಂತಿತು. ಹೋಗಿ ತಡೆಯುವುದಕ್ಕೆ ಏನೂ ಉಳಿದಿರಲಿಲ್ಲ.