ಕುರಿಯವರು ಮರೆತ ಹಲಗೆ

ಒಂದಾನೊಂದು ಕಾಲದಲ್ಲಿ, ಕೂಸೇ, ಹಡಗು ಹತ್ತಿ ಹೋಗೋವಷ್ಟು ದೂರದ ಇಂಗ್ಲೆಂಡಿನಲ್ಲಿ ಒಂದು ಸುಣ್ಣಕಲ್ಲಿನ ಗುಡ್ಡ, ಆ ಗುಡ್ಡಕ್ಕೆ ಮೂರು ಹೊಳೆಗಳು ಹೆಣ್ಣುಮಕ್ಕಳಂತೆ. ದೊಡ್ಡವರಿಬ್ಬರೂ ಸಮುದ್ರ ಸೇರಿದ್ರು, ಕಿರಿಯವಳು ಟಿಲ್ಲಿ ಮಾತ್ರ ಚಳಿಗಾಲದಲ್ಲಿ ಹುಟ್ಟೋದು, ಬೇಸಿಗೆ ಬಿಸಿಲಿಗೆ ದಾರೀಲೇ ಬತ್ತಿಹೋಗೋದು. ಈ ಸಲ ಸಮುದ್ರ ನೋಡೇ ನೋಡ್ತೀನಿ ಅಂತ ಬೇಲಿ ಸಂದೀಲಿ ನುಗ್ಗಿ, ಬಾತುಕೋಳಿಗಳನ್ನ ಎಬ್ಬಿಸಿ, ಒಂದೇ ಓಟ ಕಿತ್ತಳಂತೆ!

ಮೊದಲು ಸಿಕ್ಕಿದ್ದು ಹೆಸ್ಟರ್ ಮುದುಕಿ, ಹರಿಯೋ ನೀರಲ್ಲಿ ಸೊಪ್ಪು ಬೆಳೆಯೋಳು. ಇಲ್ಲೇ ನಿಂತುಬಿಡೇ ತಾಯಿ ಅಂದಳಂತೆ. ನಾನು ನಿಂತರೆ ನಿನ್ನ ಸೊಪ್ಪು ಕೊಳೆಯುತ್ತಲ್ಲಜ್ಜೀ ಅಂತ ಟಿಲ್ಲಿ ಬೇರುಗಳನ್ನ ತಣ್ಣಗೆ ಸವರಿ ಹೋದಳಂತೆ. ಆಮೇಲೆ ನೀರಿನ ಚಕ್ರದಿಂದ ಹಿಟ್ಟು ಬೀಸೋ ಗಿರಣಿ ಜೋಬ್, ನನ್ನ ಚಕ್ರ ತಿರುಗಿಸದೆ ಎಲ್ಲಿಗೇ ಓಡ್ತೀಯ ಅಂತ ಅಡ್ಡ ಬಂದ. ಇವಳು ಚಕ್ರದ ಮೇಲೆ ಧುಮುಕಿ ಗರಗರ ತಿರುಗಿಸಿ, ಅವನು ಹಿಟ್ಟು ನೋಡೋ ಹೊತ್ತಿಗೆ ಅಡಿಯಿಂದ ಪರಾರಿ!

ಆಮೇಲೆ ಸಿಕ್ಕಿದ್ದು ಕುರಿಯವರು. ಉಣ್ಣೆ ಕತ್ತರಿಸೋಕೆ ಮುಂಚೆ ಹೊಳೆಗೆ ಹಲಗೆ ಅಡ್ಡ ಹಾಕಿ, ಮಡು ಮಾಡಿ, ಕುರಿ ತೊಳೀತಾರಂತೆ. ಕೊನೇ ಕುರಿ ಆದಮೇಲೆ ಹಿರಿಯ ಕುರುಬನನ್ನೇ ನೀರಿಗೆ ತಳ್ಳೋದು ಅವರ ಪದ್ಧತಿ, ಬಿದ್ದವನೇ ಹಲಗೆ ಕೀಳಬೇಕು. ಆದರೆ ಆ ವರ್ಷ ಬಿದ್ದ ಏಬಲ್, ನಿಲ್ರೋ ಕಳ್ಳರಾ ಅಂತ ಒದ್ದೆ ಬಟ್ಟೇಲೇ ತಳ್ಳಿದವರನ್ನ ಅಟ್ಟಿಸ್ಕೊಂಡು ಓಡಿದನಂತೆ, ಆಮೇಲೆ ಎಲ್ಲರೂ ನಗ್ತಾ ಊಟಕ್ಕೆ ಕೂತರಂತೆ. ಹಲಗೆ ಅಲ್ಲೇ ಉಳೀತು!

ಟಿಲ್ಲಿ ಗುದ್ದಿದಳು, ಕೂಗಿದಳು, ಕೇಳೋರಿಲ್ಲ. ಮೇಲೆ ಸೂರ್ಯ ಹೀರ್ತಾನೇ ಇದ್ದಾನೆ. ಮುಂದಕ್ಕೆ ಬಿಡದಿದ್ರೆ ಹಿಂದಕ್ಕೆ ಏರ್ತೀನಿ ಅಂತ ಉಬ್ಬಿ ಉಬ್ಬಿ ಗಿರಣಿ ತನಕ ಏರಿ, ಚಕ್ರಾನ ಗಟ್ಟಿಯಾಗಿ ಹಿಡ್ಕೊಂಡಳಂತೆ. ಚಕ್ರ ನಿಂತಿತು. ಜೋಬ್ ಮೈಯೆಲ್ಲ ಹಿಟ್ಟು ಮಾಡ್ಕೊಂಡು ಊಟದ ಜಾಗಕ್ಕೆ ಓಡಿ ಬಂದ. ಏಬಲಣ್ಣಾ, ಹಲಗೆ ಕಿತ್ತೆಯಾ ಅಂದ. ಅಯ್ಯಯ್ಯೋ, ನಾನು ಇವರಿಗೆ ಬಾರಿಸೋಕೆ ಓಡಿದೆನಲ್ಲೋ ಅಂದ ಏಬಲ್! ಬಾಯಲ್ಲಿದ್ದ ರೊಟ್ಟಿ ಬಾಯಲ್ಲೇ ಇಟ್ಕೊಂಡು ಎಲ್ಲರೂ ಓಡಿ, ಹಿಡಿದೆಳೆದು ಕಿತ್ತರಂತೆ.

ಧಡ್! ಇಷ್ಟು ದಿನ ಎಳೆಎಳೆಯಾಗಿ ಹರೀತಿದ್ದ ಟಿಲ್ಲಿ ಕೂಡಿಟ್ಟ ನೀರೆಲ್ಲ ಒಟ್ಟಿಗೆ ಹೊತ್ಕೊಂಡು ಹಾರಿದಳು, ಹುಲ್ಲುಗಾವಲು ದಾಟಿದಳು, ಮರಳು ದಾಟಿದಳು, ಸೂರ್ಯ ಬಗ್ಗಿ ಹೀರೋದ್ರೊಳಗೆ ಸಮುದ್ರಕ್ಕೆ ಬಿದ್ದೇಬಿಟ್ಟಳಂತೆ! ಅಕ್ಕಂದಿರು ಓಡಿಬಂದು ತಬ್ಬಿ, ಮೂಗು ಮುಚ್ಕೊಂಡು, ಏನೇ ಪುಟ್ಟೀ, ಇಷ್ಟೊಂದು ಕುರಿ ವಾಸನೆ ಅಂದರಂತೆ. ಟಿಲ್ಲಿ ನಕ್ಕೂ ನಕ್ಕೂ ಅವರಿಬ್ಬರ ಮಧ್ಯೆ ಸುಖವಾಗಿ ಮಲಗಿದಳಂತೆ.

ಕತೆ ಸಮುದ್ರ ಸೇರ್ತು, ಮುಗೀತು. ನೀನಿನ್ನು ಕಣ್ಣು ಮುಚ್ಚು.