ಗಂಟೆಯೂ ಹೊತ್ತಗೆಯ ಹುಳುವೂ

ಅರಸನ ದಂಡು ಹೊರಡುವ ಮುಂಜಾನೆ ಜಯಘೋಷ ಮೊಳಗಿಸಬೇಕೆಂದು ಇಗರ್ಜಿಯ ಕಂಚಿನ ಗಂಟೆಗೆ ಅಪ್ಪಣೆಯಾಯಿತು. ಮೊದಲೇ ಗೋಪುರದಲ್ಲಿ ನೇತಾಡುವ ಗಂಟೆ. ಈಗಂತೂ ಅದಕ್ಕೆ ನೆಲವೇ ಕಾಣದಂತಾಯಿತು.

ಗೋಪುರದ ಮೂಲೆಯಲ್ಲಿ ಕ್ರೈಸ್ತ ಧರ್ಮಸಭೆಯ ಚರಿತ್ರೆಯ ದಪ್ಪ ಹೊತ್ತಗೆಯೊಂದು ಬಿದ್ದಿತ್ತು. ಅದರೊಳಗೆ ಸಂಸಾರ ಹೂಡಿದ್ದ ಹುಳುವನ್ನು ಗಂಟೆ ಕೇಳಿತು: “ಎಲೈ ಹುಳುವೇ, ಅರಸರಿಗೆ ದನಿಗೊಟ್ಟ ಗಂಟೆಗಳ ಸಂಗತಿ ಅದರಲ್ಲಿ ಉಂಟೋ?”

“ಉಂಟು ಸ್ವಾಮಿ. ಅರಸರು ಮೊದಲು ಗಂಟೆ ಹೊಡೆಸಿದರು. ಫಿರಂಗಿಗೆ ಕಂಚು ಸಾಲದಾದಾಗ ಆ ಗಂಟೆಯನ್ನೇ ಇಳಿಸಿ ಕರಗಿಸಿದರು.”

“ಅದು ಹಿಂದಿನವರ ಹಣೆಬರಹ. ನಮ್ಮ ಅರಸರು ನನ್ನ ಹಗ್ಗಕ್ಕೆ ಮುತ್ತಿಟ್ಟವರು, ತಿಳಿಯಿತೇ?” ಎಂದು ಗಂಟೆ ಊರೇ ನಡುಗುವಂತೆ ಮೊಳಗಿತು.

ಯುದ್ಧ ಮುಗಿಯುವ ಲಕ್ಷಣ ಕಾಣಲಿಲ್ಲ. ಒಂದು ಮಧ್ಯಾಹ್ನ ಸೈನಿಕರು ಗೋಪುರ ಹತ್ತಿ, “ಅರಸರಿಗೆ ಇನ್ನೊಂದು ಫಿರಂಗಿ ಬೇಕಂತೆ” ಎನ್ನುತ್ತ ಗಂಟೆಯ ಸರಪಳಿ ಬಿಚ್ಚತೊಡಗಿದರು.

“ಹುಳುವಪ್ಪಾ, ಬೇಗ! ತಪ್ಪಿಸಿಕೊಂಡ ಗಂಟೆ ಒಂದಾದರೂ ಇದ್ದೀತು. ಆ ಪುಟ ತೆಗೆದು ಓದಪ್ಪಾ!”

ಹುಳು ಬಾಯಿ ಒರೆಸಿಕೊಂಡಿತು. “ಇತ್ತು ಸ್ವಾಮಿ. ಆದರೆ ಇಷ್ಟು ಕಾಲ ಆ ಪುಟವನ್ನು ಯಾರೂ ತೆರೆಯಲೇ ಇಲ್ಲವಲ್ಲ, ಮೊನ್ನೆ ನಾನೇ ತಿಂದು ಮುಗಿಸಿದೆ. ಈಗ ರುಚಿಯೊಂದೇ ನೆನಪಿದೆ.”